ಬಾಗಿಲು ಹಾಕುವ ಪಾಠ

ಇಶ್‌ಬೆಲ್ ಗೆಡ್ಡಿಸ್ ಅವರ ಗೋಡೆಯಲ್ಲಿ ಅಕ್ಟೋಬರ್ ಇಲ್ಲ.
ಸೆಪ್ಟೆಂಬರ್ ಮಗುಚಿದರೆ ಮೊಳೆಯಲ್ಲಿ ನೇರ ನವೆಂಬರ್.
ನಡುವಿನ ಹಾಳೆ ಪೊಲೀಸರ ಹತ್ತಿರ, ಪ್ಲಾಸ್ಟಿಕ್ ಚೀಲದಲ್ಲಿ,
ಹದಿನಾಲ್ಕನೇ ತಾರೀಕಿನ ಚೌಕದೊಳಗೆ ಅವರದೇ ದುಂಡು ಅಕ್ಷರ:
"ಕ್ರೇಗ್. ಸೂರು. ಬಿಸ್ಕತ್ತು ತರಬೇಕು."

ಹಂಚು ಸಡಿಲವಾಗಿದೆ ಅಜ್ಜೀ, ಎಂದನಂತೆ,
ಡಂಡೀ ಊರಿನ ಗಾಳಿ ಗೊತ್ತಲ್ಲ, ಟೇ ನದಿಯಿಂದ ಎದ್ದು ಬಂದರೆ
ಒಂದೇ ರಾತ್ರಿಗೆ ಆಕಾಶ ಅಡುಗೆಮನೆಗೆ ಇಳಿಯುತ್ತದೆ.
ಏಣಿ ಹತ್ತಿದ. ಇಳಿದ. ಚಹಾ ಕುಡಿದ,
ತೀರಿಹೋದ ಗಂಡನ ಕಪ್ಪಿನಲ್ಲಿ.
ಆಮೇಲೆ ತನ್ನ ವ್ಯಾನಿನಲ್ಲೇ ಬ್ಯಾಂಕಿಗೆ ಕರೆದೊಯ್ದ,
ಸೀಟುಬೆಲ್ಟು ತಾನೇ ಹಾಕಿದ, ಮೆಲ್ಲಗೆ.
ಒಂಬತ್ತು ಸಾವಿರ ಪೌಂಡು.

ಅವರಿಗೆ ಮರೆಯಲಾಗದ್ದು ಆ ಸೀಟುಬೆಲ್ಟು.

ನಾನು ಮಂಗಳವಾರದವಳು. ಕೊರಳಲ್ಲಿ ಗುರುತಿನ ಚೀಟಿ,
ಚೀಲದಲ್ಲಿ ಕರಪತ್ರ, ತಲೆಯಲ್ಲಿ ಆರು ವಾರದ ತರಬೇತಿ.
"ತಪ್ಪು ನಿಮ್ಮದಲ್ಲ" ಎಂದೆ, ಮೊದಲ ದಿನವೇ.
ಚಹಾಕ್ಕೆ ಸಕ್ಕರೆ ಬೇಕೆ ಎಂದರು.
ಎರಡನೇ ವಾರವೂ ಎಂದೆ. ಕಿಟಕಿ ಹಾಕಿದರು, ಚಳಿ ಎಂದು.
ಮಗ ಫೋನಿನಲ್ಲಿ ಕೇಳಿದ್ದ: ಅದು ಹೇಗಮ್ಮ ನಂಬಿದೆ?
ಆ 'ಹೇಗೆ' ಮನೆಯಿಡೀ ಇತ್ತು, ಬೆಕ್ಕಿನ ಹಾಗೆ,
ನಾನು ಕೂರಬೇಕೆಂದ ಕುರ್ಚಿಯಲ್ಲೆಲ್ಲ ಮೊದಲೇ ಕೂತು.

ಮೂರನೇ ವಾರ ನಾನು ಏನೂ ಹೇಳಲಿಲ್ಲ.
ಹೇಳಲು ಏನೂ ಉಳಿದಿರಲಿಲ್ಲ, ನಿಜ ಹೇಳಬೇಕೆಂದರೆ.
ಆಗ ಅವರೇ: "ಹದಿನೈದಕ್ಕೆ ಸೆಣಬಿನ ಗಿರಣಿ ಸೇರಿದೆ.
ಮಗ್ಗಗಳ ಗದ್ದಲಕ್ಕೆ ಕಿವಿ ಇದ್ದೂ ಇಲ್ಲ.
ತುಟಿ ನೋಡಿ ಮಾತು ಓದುತ್ತಿದ್ದೆವು, ನಾವು ಹೆಂಗಸರು,
ನಲವತ್ತು ಅಡಿ ಆಚೆಯಿಂದ:
ಯಾರ ಮದುವೆ, ಯಾರ ಬಸಿರು, ಮೇಸ್ತ್ರಿ ಬಂದ ಎಚ್ಚರ.
ಅಷ್ಟು ಓದಿದವಳು,
ಮೇಜಿನಾಚೆ ಕೂತವನ ತುಟಿ ಓದದೆ ಹೋದೆನಲ್ಲ."

(ತರಬೇತಿಯಲ್ಲಿ ಇದಕ್ಕೆ ಉತ್ತರ ಇರಲಿಲ್ಲ.
ಅವನ ತುಟಿಯ ಮೇಲೆ ಇದ್ದದ್ದು ಬರೀ 'ಅಜ್ಜೀ' ಎಂಬ ಮಾತು,
ಅದನ್ನು ಯಾರು ತಾನೇ ಸುಳ್ಳೆಂದು ಓದುತ್ತಾರೆ
ಎಂದು ಹೊಳೆದದ್ದು ಬಸ್ಸಿನಲ್ಲಿ, ಮನೆಗೆ ಹೋಗುವಾಗ.)

ಬಾಗಿಲಿನ ಆಟ ಹೂಡಿದ್ದು ಡಿಸೆಂಬರಿನಲ್ಲಿ.
ನಾನು ಹೊರಗೆ ಹೋಗಿ ಗಂಟೆ ಒತ್ತುವುದು, ನಾನೇ ಕ್ರೇಗ್,
ಅವರು ಸರಪಳಿ ಬಿಡಿಸದೆ ಬೇಡ ಎನ್ನುವುದು.
ಮೊದಲ ಸಲ ಬಾಗಿಲು ಪೂರಾ ತೆರೆದು
"ಅಯ್ಯೋ ನಡುಗುತ್ತಿದ್ದೀಯಲ್ಲೇ, ಒಳಗೆ ಬಾ" ಎಂದರು.
ಎರಡನೇ ಸಲ 'ಬೇಡ' ಹೊಸಿಲು ದಾಟಲಿಲ್ಲ.
ಎಂಬತ್ತೆರಡು ವರ್ಷ ಬಂದವರಿಗೆಲ್ಲ ಬನ್ನಿ ಎಂದ ಬಾಯಿ.
ಗಂಟಲಿಗೆ ಬಾರದಿದ್ದರೆ ತುಟಿಗಾದರೂ ತನ್ನಿ, ಎಂದೆ.
ತಂದರು. ಸಂದಿಯಲ್ಲಿ, ಸದ್ದಿಲ್ಲದೆ,
ಗಿರಣಿಯ ಭಾಷೆಯಲ್ಲಿ, ಅಗಲವಾಗಿ, ಹಲ್ಲು ಕಾಣುವಂತೆ.
ಅದು ಬರೀ ಬೇಡ ಅಲ್ಲ ಎಂದು ನನಗೂ ಗೊತ್ತಾಯಿತು.
ಏನಂದಿರಿ ಎಂದರೆ,
"ಮೇಸ್ತ್ರಿಗೆ ಅನ್ನುತ್ತಿದ್ದದ್ದು. ನಿನಗೆ ಯಾಕೆ, ಚಿಕ್ಕವಳು."

ಫೆಬ್ರವರಿ. ಮಂಗಳವಾರ. ಆಲಿಕಲ್ಲು.
ಗಂಟೆ ಒತ್ತಿದೆ, ಆಟವಲ್ಲ, ಕೆಲಸ.
ಬೆರಳಗಲ ಬಾಗಿಲು, ಬಿಗಿದ ಸರಪಳಿ, ಒಂದು ಕಣ್ಣು.
"ಚೀಟಿ ತೋರಿಸಿ."
ಕೊರಳು ಮುಟ್ಟಿಕೊಂಡೆ. ಕಚೇರಿಯ ಮೊಳೆಯಲ್ಲಿ ಬಿಟ್ಟು ಬಂದಿದ್ದೆ.
"ನಾನೇ, ಮಿಸೆಸ್ ಗೆಡ್ಡಿಸ್, ಇಲ್ಸಾ."
"ದನಿ ಇಲ್ಸಾಳದೇ. ಚೀಟಿ?"
"ಮರೆತೆ. ತುಂಬ ಚಳಿ..."
"ಅವನೂ ಹಾಗೇ ಅಂದಿದ್ದ" ಎಂದು
ಹಾಕಿದರು ಬಾಗಿಲು. ಬೀಗ ಎರಡು ಸುತ್ತು. ಮೇಲಿನ ಅಗುಳಿ.

ಕಿಟಕಿಯ ಪರದೆ ಸರಿಯಿತು. ಗಾಜಿನಾಚೆ ತುಟಿ ಆಡಿತು.
ಕಲಿತಷ್ಟರಲ್ಲಿ ನಾನು ಓದಿದ್ದು: ಕೆಟಲ್, ಗುರುವಾರ,
ಮತ್ತೇನೋ ಒಂದು, ಮೇಸ್ತ್ರಿಯದ್ದಲ್ಲದ್ದು.

ಕಚೇರಿಯ ಫಾರಮ್ಮಿನಲ್ಲಿ ಎರಡೇ ಚೌಕ:
ಭೇಟಿ ಆಯಿತು. ಭೇಟಿ ಆಗಲಿಲ್ಲ.
ಕೂದಲಿನ ನೀರು ತೊಟ್ಟಿಕ್ಕಿ ಎರಡರ ಮೇಲೂ ಬಿತ್ತು.
ಪೆನ್ನು ಹಿಡಿದು ಕೂತೇ ಇದ್ದೆ, ಹಲ್ಲು ಕಟಕಟ.
ಪಕ್ಕದ ಮೇಜಿನ ಮ್ಯಾಲ್ಕಮ್ ಕೇಳಿದ:
ಏನಾಯ್ತೇ, ಯಾಕೆ ನಗ್ತಿದೀಯ?