ಅಕ್ಕಿಕಾಳಿನಷ್ಟು ಕಚ್ಚು

ಬದರಿನಾರಾಯಣ ಶೆಟ್ಟರು ಮೊದಲ ಸಲ ಅಂಗಡಿ ಮೆಟ್ಟಿಲು ಹತ್ತಿದಾಗ
ಕೈಯಲ್ಲಿ ಚೀಲವಿರಲಿಲ್ಲ, ಸ್ಟಾಪ್‌ವಾಚಿತ್ತು.
ಮುಂಬೈಯ ಬಿಸ್ಕತ್ತು ಕಂಪನಿಯಲ್ಲಿ ದೊಡ್ಡ ಕೆಲಸ ಬಿಟ್ಟು
ಮಾವನ ಕಡ್ಲೆಮಿಲ್ಲಿಗೆ ಮ್ಯಾನೇಜರಾಗಿ ಬಂದ ಮನುಷ್ಯ.
ಚಿಂತಾಮಣಿಯ ಪೇಟೆಬೀದಿ. ತೊಂಬತ್ತೊಂದನೇ ಇಸವಿ.
ತೊಲೆಯ ಕೊಕ್ಕೆಯಿಂದ ಇಳಿಬಿದ್ದ ದಾರದುಂಡೆ,
ಅದರ ಕೆಳಗೆ ಅಪ್ಪ.

ಹಳೇ ಪೇಪರು ಒಂದು ಸುತ್ತು, ತಳಕ್ಕೊಂದು ಮಡಿಕೆ,
ಚಟಾಕು ಖಾರದ ಕಡ್ಲೆಬೀಜ, ಮೇಲಕ್ಕೊಂದು ಮಡಿಕೆ,
ದಾರ ಅಡ್ಡ, ದಾರ ಉದ್ದ,
ಬೆರಳಿಗೆ ಸುತ್ತಿ ಒಂದೇ ಜಗ್ಗು. ಟಪ್.
“ಹನ್ನೊಂದು ಸೆಕೆಂಡು” ಎಂದು ಬರೆದುಕೊಂಡರು ಶೆಟ್ಟರು.
“ಗಿರಾಕಿ ಮಗಳ ಮದುವೆ ವಿಚಾರಿಸಿದರೆ
ಇಪ್ಪತ್ತಾಗುತ್ತೆ ಸಾಮಿ” ಅಂದ ಅಪ್ಪ.
ಅದನ್ನೂ ಬರೆದುಕೊಂಡರು.

ಆಮೇಲೆ ಎರಡು ವರ್ಷ ಮೇಣದಬತ್ತಿ.
ಗರಗಸದ ಬ್ಲೇಡಿಗೆ ಕವರಿನ ಬಾಯಿ ಮಡಿಸಿ
ಉರಿಯಂಚಲ್ಲಿ ಸರ್ರನೆ ಎಳೆಯೋದು, ಅಮ್ಮ ಮತ್ತು ನಾನು,
ನೂರಕ್ಕೆ ಮೂರು ರೂಪಾಯಿ.
ಒಂದು ಕ್ಷಣ ಹೆಚ್ಚಾದರೆ ತೂತು, ಕಮ್ಮಿಯಾದರೆ ಬಿರುಕು.
ನನ್ನ ಏಳನೇ ಕ್ಲಾಸಿನ ಪುಸ್ತಕಗಳಿಗೆಲ್ಲ
ಸುಟ್ಟ ಪ್ಲಾಸ್ಟಿಕ್ಕಿನ ವಾಸನೆ.

ಶೆಟ್ಟರ ಮನೆಯ ಬಚ್ಚಲಲ್ಲಿ ಆರು ಪೊಟ್ಟಣ,
ಅಟ್ಟದ ಮೇಲೆ ಆರು, ದೇವರಗೂಡಿನ ಹಿಂದೆ ಆರು,
ಎಲ್ಲಕ್ಕೂ ತಾರೀಖು. ಶನಿವಾರಕ್ಕೊಂದು ಒಡೆದು
ಕಣ್ಣು ಮುಚ್ಚಿ ಅಗಿಯುತ್ತಿದ್ದರಂತೆ.
“ನಮ್ಮೋರಿಗೆ ಕಿವೀಲಿ ರುಚಿ” ಅನ್ನುತ್ತಿದ್ದರು ಸತ್ಯಭಾಮಮ್ಮ.
ಕರುಂ ಅಂದರೆ ಊಟ, ಅನ್ನದಿದ್ದರೆ ಉಪವಾಸ.

ಯಂತ್ರ ಬಂತು ಲಾರಿಯಲ್ಲಿ. ಬಾಗಿಲಲ್ಲಿ ಹಿಡಿಸಲಿಲ್ಲ,
ಗೋಡೆ ಒಡೆದರು.
ಮೂರು ಪದರದ ಹಾಳೆ, ನಡುವಿನದು ಬೆಳ್ಳಿಬಣ್ಣ,
ಒಳಗೆ ಸಿಲಿಂಡರಿನಿಂದ ಯಾವುದೋ ಗಾಳಿ.
ದಿಂಬಿನ ಹಾಗೆ ಉಬ್ಬಿದ್ದನ್ನು ಅಮುಕಿ ನೋಡಿ
ಪೇಟೆಯವರು ನಕ್ಕರು: “ಗಾಲಿ ಅಮ್ಮುತಾಡಂಟ ಶೆಟ್ಟಿ!”
ಆ ಮಳೆಗಾಲ ಗಾಳಿಯೇ ಗೆದ್ದಿತು.
ಕೊಕ್ಕೆ ಖಾಲಿಯಾಯಿತು, ಅಪ್ಪ ಯಂತ್ರದ ಮುಂದೆ ನಿಂತ.

ಬಿಸಿದವಡೆ, ಅಂಟಿಸುವ ಭಾಗಕ್ಕೆ ಅವನೇ ಇಟ್ಟ ಹೆಸರು,
ತಿಂಗಳಿಗೊಮ್ಮೆ ಬೆರಳ ತುದಿ ಕಚ್ಚುತ್ತಿತ್ತು.
ಗೆರೆಗಳೆಲ್ಲ ಅಳಿಸಿ ನುಣುಪಾದವು.
ಒಂದು ಮಧ್ಯಾಹ್ನ ಮುದ್ದೆಗೆ ನೆಂಚಿಕೊಳ್ಳಲೆಂದು
ತಾನೇ ತುಂಬಿದ ಪ್ಯಾಕೆಟ್ಟು ಒಡೆಯಲು ಕೂತ.
ಉಗುರು, ಜಾರಿತು. ಹಲ್ಲು, ಜಾರಿತು.
ಕೊನೆಗೆ ಸೈಕಲ್ಲಿನ ಕೀ.
ಹಿಂದೆ ನಿಂತಿದ್ದ ಶೆಟ್ಟರ ಜೇಬಲ್ಲಿ ಟಿಕ್ ಅಂದಿತು.
ನಲವತ್ಮೂರು ಸೆಕೆಂಡು.
ಯಾರೂ ಏನೂ ಅನ್ನಲಿಲ್ಲ.

ಮುಂದಿನ ತಿಂಗಳು ದವಡೆಯ ಪಕ್ಕ ಒಂದು ಸಣ್ಣ ಬ್ಲೇಡು ಕೂತಿತು,
ಪ್ರತಿ ಪ್ಯಾಕೆಟ್ಟಿನ ಅಂಚಿಗೂ ಅಕ್ಕಿಕಾಳಿನಷ್ಟು ಕಚ್ಚು.

ದೆಹಲಿಯಲ್ಲಿ ಪ್ರಶಸ್ತಿ. ಸೂಟು, ಶಾಲು, ಫೋಟೋ.
ಭಾಷಣದಲ್ಲಿ ಪದರಗಳ ಲೆಕ್ಕವಿತ್ತು,
ಅಪ್ಪನ ಹೆಸರಿರಲಿಲ್ಲ.
ಅಪ್ಪ ಆ ಪೇಪರು ಕತ್ತರಿಸಿ ಇಟ್ಟುಕೊಂಡ,
ಚೌಕವಾಗಿ, ಚಟಾಕಿನ ಪೊಟ್ಟಣದ ಅಳತೆಗೆ.

ಹೋದ ಬೇಸಗೆ ಕನ್ನಂಪಲ್ಲಿ ಕೆರೆಯ ಹೂಳೆತ್ತುವಾಗ
ಜೆಸಿಬಿ ಸುರಿದ ಮಣ್ಣಲ್ಲಿ ಒಂದು ಪ್ಯಾಕೆಟ್ಟು.
ಒಡೆದಿಲ್ಲ. ಇನ್ನೂ ಉಬ್ಬಿದೆ.
ಕೆಂಪು ಕೆಂಪಾಗಿಯೇ ಇದೆ,
ಆರು ತಿಂಗಳೊಳಗೆ ಬಳಸಿ ಎಂಬ ಸಾಲೂ.
ತೊಳೆದು ಒಯ್ದು ಶೆಟ್ಟರ ಕೈಗೆ ಕೊಟ್ಟೆ.
ಎಂಬತ್ತಮೂರರ ಕಿವಿಗೆ ಹಿಡಿದು ಅಲುಗಿಸಿದರು.
“ಕೆರೇಲಿ ಇನ್ನೂ ಎಷ್ಟಿದ್ವು?”
“ಲೆಕ್ಕ ಹಾಕಲಿಲ್ಲ” ಅಂದೆ.

ಒಡೆಯಲೆಂದೋ ಏನೋ, ಹೆಬ್ಬೆರಳು
ಅಂಚಿನುದ್ದಕ್ಕೂ ಹುಡುಕಿತು.
ತಿರುಗಿಸಿ ಆ ಅಂಚು, ಮತ್ತೆ ಈ ಅಂಚು.
“ಇದು ನಿಮ್ಮಪ್ಪನಿಗಿಂತ ಮುಂಚಿನದು ಕಣಮ್ಮ”
ಅಂದು
ವಾಪಸು ಕೊಟ್ಟರು.