ಹಿಡಿತದ ಹೊಲಿಗೆ

ಕುಂಬಳೆ ರೈಲ್ವೆ ಗೇಟಿನ ಈಚೆ, ಕೊಬ್ಬರಿ ಗೋಡೌನಿನ ಮಾಳಿಗೆಯಲ್ಲಿ
ಐತ್ತಪ್ಪ ಮಾಸ್ಟ್ರ ಕರಾಟೆ ಕ್ಲಾಸು.
ಕೆಳಗೆ ನನ್ನ ಟೈಲರಂಗಡಿ.
ಸಂಜೆ ಐದಕ್ಕೆ ಮೇಲೆ ಇಪ್ಪತ್ತು ಹಿಮ್ಮಡಿ ಒಟ್ಟಿಗೆ ಬಿದ್ದರೆ
ಬಾಬಿನ್ ಡಬ್ಬಿ ಗಿಲಿಗಿಲಿ,
ಚಾಕಿನಲ್ಲಿ ಎಳೆದ ಗೆರೆ ಸೊಟ್ಟ.

ಜಗಳಕ್ಕೆಂದೇ ಮೆಟ್ಟಲು ಹತ್ತಿದ್ದು ಒಂದು ದಿನ.
ಇಳಿಯುವಾಗ ಕೈಯಲ್ಲಿ ಹದಿನಾಲ್ಕು ಜೊತೆ ಬಿಳಿ ಡ್ರೆಸ್ಸಿನ ಆರ್ಡರು.

"ಕಂಕುಳಲ್ಲಿ ಬಿಗಿ ಬೇಡ. ತೊಡೆಸಂದಿಗೆ ವಜ್ರದಾಕಾರದ ತುಂಡು ಇಡಿ,
ಇಲ್ಲದಿದ್ದರೆ ಹರೀತದೆ" ಅಂದರು ಮಾಸ್ಟ್ರು,
ಮುಂಬೈ ಹೋಟೆಲಲ್ಲಿ ಹನ್ನೆರಡು ವರ್ಷ ಲೋಟ ತೊಳೆದು
ರಾತ್ರಿ ತಾರಸಿಯಲ್ಲಿ ಕಲಿತ ಮನುಷ್ಯ;
ಅದಕ್ಕೂ ಮೊದಲು ಸೋದರಮಾವನ ಕಳರಿಯಲ್ಲಿ
ಎಣ್ಣೆ ಹಚ್ಚಿ ತುಳಿಸಿಕೊಂಡ ಬೆನ್ನು.

ಅಳತೆಗೆ ಹೋದವಳು ಕಂಬಕ್ಕೊರಗಿ ನಿಂತೆ.
ಇಚಿ, ನಿ, ಸಾನ್, ಶಿ, ಗೋ.
ಗೋ ಅಂದಾಗ ಸಣ್ಣವು ಅಂಬಾ ಅಂತ ನಗುತ್ತವೆ.
ಎಣಿಕೆ ಜಪಾನಿನದು, ಬೈಗುಳ ತುಳುವಿನದು,
ರುಖಿಯಾಳ ಪಿಸುಮಾತು ಬ್ಯಾರಿ,
ಶ್ರೀಜಾಳ ತಾಯಿ ಬಾಗಿಲಲ್ಲಿ ನಿಂತು ಮಲಯಾಳದಲ್ಲಿ ಗಂಟೆ ಕೇಳುತ್ತಾಳೆ.
ನೋವಾದರೆ ಒಬ್ಬೊಬ್ಬಳದು ಒಂದೊಂದು:
ಅಮ್ಮಾ, ಉಮ್ಮಾ, ಅಪ್ಪೇ.

"ಕತಾ" ಅಂದರೆ ಕತೆಯಲ್ಲವಂತೆ.
ನನಗೆ ಮಾತ್ರ ಕತೆಯ ಹಾಗೇ ಕಂಡಿತು:
ಯಾರೂ ಇಲ್ಲದ ಕಡೆ ತಿರುಗಿ ಯಾರನ್ನೋ ತಡೆಯುವುದು,
ಗಾಳಿಗೆ ಗುದ್ದಿ ಗಾಳಿಗೇ ನಮಸ್ಕಾರ.
"ಇದೆಲ್ಲ ಚಂದಕ್ಕಾ ಮಾಸ್ಟ್ರೇ, ಉಪಯೋಗಕ್ಕಾ?"
ಮಾಸ್ಟ್ರು ಸಿಟ್ಟಾಗಲಿಲ್ಲ.
ಬಂದು ನನ್ನ ಮಣಿಕಟ್ಟು ಹಿಡಿದರು.
"ಬಿಡಿಸಿಕೊಳ್ಳಿ."

ಎಳೆದೆ. ಜಗ್ಗಿದೆ. ಬಳೆ ಒಡೆಯಿತು.
"ನಾಲ್ಕು ಬೆರಳಿನ ಜೊತೆ ಯಾಕೆ ಗುದ್ದಾಟ ಸುಗಂಧಿಯಕ್ಕಾ,
ಒಂಟಿ ಇರುವುದು ಹೆಬ್ಬೆರಳು. ಅದರ ಕಡೆ ತಿರುಗಿಸಿ."

ಓಹೋ.
ಇದು ನನಗೆ ಗೊತ್ತಿದ್ದದ್ದೇ.
ಮೂವತ್ತು ವರ್ಷ ಹೊಲಿಗೆ ಬಿಚ್ಚಿದವಳಿಗೆ
ಬಟ್ಟೆ ಎಲ್ಲಿ ಬಾಯಿ ಬಿಡುತ್ತದೆಂದು ಯಾರೂ ಕಲಿಸಬೇಕಾಗಿಲ್ಲ.
ಹಿಡಿತಕ್ಕೂ ಒಂದು ಹೊಲಿಗೆ ಉಂಟು,
ಬೆರಳ ತುದಿ ಹೆಬ್ಬೆರಳನ್ನು ಮುಟ್ಟುವಲ್ಲಿ.

ಕರೆಂಟು ಹೋದ ರಾತ್ರಿ, ಶಟರು ಅರ್ಧ ಎಳೆದಿದ್ದೆ.
ನೂಲು ಗುಂಡಿ ತರುವ ಏಜೆಂಟ
ಬಾಕಿ ಕೇಳಲು ಬಂದವ, ಬಾಕಿಯನ್ನಷ್ಟೇ ಕೇಳಲಿಲ್ಲ.
ಕೈ ಹಿಡಿದ.
ಸಿನೆಮಾದಲ್ಲಾದರೆ ಇಲ್ಲಿ ನಾನು ಹಾರಿ ಒದೆಯಬೇಕು.
ಉಟ್ಟದ್ದು ಸೀರೆ. ವಯಸ್ಸು ನಲವತ್ತೊಂಬತ್ತು. ಮೊಣಕಾಲಿಗೆ ದಿನಾ ತೈಲ.
ಕಾಲು ಅಗಲಿಸಿದೆ, ಹೆಬ್ಬೆರಳ ಕಡೆ ತಿರುಗಿಸಿದೆ,
ಹಿಮ್ಮಡಿಯಲ್ಲಿ ಅವನ ಪಾದ ತುಳಿದೆ
(ದಿನಕ್ಕೆ ಎಂಟು ಗಂಟೆ ಪೆಡಲು ತುಳಿದ ಕಾಲು ಅದು)
ಆಮೇಲೆ ಹೊಟ್ಟೆಯಿಂದ ಒಂದು ಕೂಗು.
ಮಾಸ್ಟ್ರು ಕಲಿಸಿದ್ದಲ್ಲ: "ಎಂತದಾ ನಿಂಗೆ!"
ಎದುರಿನ ಗೂಡಂಗಡಿಯ ಟಾರ್ಚು ಈಚೆ ತಿರುಗಿತು.
ಅವ ಹೋದ, ಕುಂಟುತ್ತಾ, ಬಿಲ್ ಬುಕ್ಕು ಬಿಟ್ಟು.

ಗೆದ್ದೆ ಅನ್ನಿಸಲಿಲ್ಲ.
ಬೆಳಗಿನ ತನಕ ಸೂಜಿಗೆ ನೂಲು ಹೋಗಲಿಲ್ಲ.
ಮಾಸ್ಟ್ರು ಭೇಷ್ ಅನ್ನಲಿಲ್ಲ, ಕೇಳಿದರು:
"ಯಾವ ಬದಿಯಲ್ಲಿ ನಿಂತಿದ್ದಿರಿ? ಓಡಲು ದಾರಿ ಇತ್ತಾ?"
ಇರಲಿಲ್ಲ.
"ಅದು ಮೊದಲ ಪಾಠ. ನಾನು ಕೊನೆಗೆ ಹೇಳುತ್ತಿದ್ದೆ."
ಸ್ವಲ್ಪ ಹೊತ್ತು ತಮ್ಮ ಅಂಗೈ ನೋಡಿಕೊಂಡರು.
"ತಪ್ಪು ನಂದು."

ಈಗ ಮಿಶಿನು ಬಾಗಿಲ ಪಕ್ಕಕ್ಕೆ ಬಂದಿದೆ.
ಶಾಲೆ ಹುಡುಗಿಯರ ಯೂನಿಫಾರಂ ಹೊಲಿಯುವಾಗ
ಚೂಡಿದಾರದ ಸೀಳು ಎರಡಿಂಚು ಮೇಲೆ,
ಪ್ಯಾಂಟಿಗೆ ಅದೇ ವಜ್ರದ ತುಂಡು.
ಕೂಲಿಯ ಲೆಕ್ಕದಲ್ಲಿ ಬರೆಯುವುದಿಲ್ಲ.
"ಸ್ವಲ್ಪ ದೊಗಲೆ ಆಯಿತಲ್ಲಾ ಸುಗಂಧಿ" ಅಂತ ತಾಯಂದಿರು.
ಎರಡು ಸಲ ಒಗೆದರೆ ಸರಿಯಾಗ್ತದೆ ಅನ್ನುತ್ತೇನೆ.
ಸರಿಯಾಗುವುದಿಲ್ಲ.