ಒಳಮಡಿಕೆ

ಪರ್ವರಿಯ ಗುಡ್ಡದ ಮೇಲಿನ ಕೋರ್ಟಿಗೆ
ವಾಸ್ಕೋದಿಂದ ಎರಡು ಬಸ್ಸು.
ಮೊದಲನೆಯದರಲ್ಲಿ ನಿಂತೇ ಬಂದೆ,
ಹೊಸ ಅಂಗಿ ಸುಕ್ಕಾದೀತೆಂದು.
ಬೇರೆಯವರ ಮದುವೆಗೆ, ಬೇರೆಯವರ ತೊಟ್ಟಿಲಿಗೆ
ಮೂವತ್ತೊಂದು ವರ್ಷ ಹೊಲಿದವನು
ನನಗೆಂದು ಹೊಲಿದದ್ದು ಇದೊಂದು: ನ್ಯಾಯಕ್ಕೆ.

ಐಟಂ ನಂಬರ್ ನಲವತ್ತೇಳು.
ಅರ್ಜಿದಾರ: ಬಸಲಿಂಗಪ್ಪ ಯಮನಪ್ಪ ತುಂಬಗಿ.
ಎದುರುದಾರ: ಪುರಸಭೆ, ಮತ್ತಿಬ್ಬರು.
ಆ ಮತ್ತಿಬ್ಬರು ಯಾರೆಂದು ನನಗೆ ಇವತ್ತಿಗೂ ಗೊತ್ತಿಲ್ಲ.

ಎಂಟು ಅಡಿ ಅಗಲದ ಅಂಗಡಿಗೆ
ಅರಗಿನ ಮುದ್ರೆ ಬಿದ್ದು ಏಳು ತಿಂಗಳು.
ಒಳಗೆ ನನ್ನ ಪೆಡಲ್ ಮೆಶಿನ್ನು, ಕಾಲಿಗಾಗಿ ಕಾಯುತ್ತ,
ಶಾಲೆಯ ನೀಲಿ ಸಮವಸ್ತ್ರ ಹದಿನಾರು, ಗುಂಡಿಯಿಲ್ಲದವು,
ಎಸ್ಪೆರಾನ್ಸಾ ಬಾಯಿಯ ಮಗಳ ಬಿಳಿ ಗೌನು.
ಅವಳ ಮದುವೆಯೇ ಆಗಿಹೋಯಿತು, ಬಾಡಿಗೆಯದರಲ್ಲಿ.

ಜಡ್ಜ್ ಸಾಹೇಬರು ಕಾಗದ ತಿರುವಿದರು, ಎರಡೇ ಎರಡು.
ಇಂಗ್ಲಿಷಿನಲ್ಲಿ ಏನೋ ಕೇಳಿದರು.
ನಮ್ಮ ವಕೀಲರು, ಕೇಣೇಕರ್ ಬಾಯಿ,
ತಿರುಗಿ ನನ್ನತ್ತ ಬಾಗಿ ಕೊಂಕಣಿಯಲ್ಲಿ ಪಿಸುಗುಟ್ಟಿದರು:
ನಮ್ಮದು ಈ ಬಾಗಿಲಲ್ಲವಂತೆ, ಟ್ರಿಬ್ಯೂನಲ್ಲಿಗೆ ಹೋಗಬೇಕಿತ್ತಂತೆ.
ಅವರು ತಳ್ಳಿಹಾಕಿದರೆ ಕಲೆ ಉಳಿಯುತ್ತದೆ.
ನಾವೇ ತೆಗೆದುಕೊಳ್ಳೋಣ. ಹೂಂ ಅನ್ನಿ.

ಹೂಂ ಅಂದೆ.
ಅಷ್ಟು ದೊಡ್ಡ ಕೋಣೆಯಲ್ಲಿ ನಾನಾಡಿದ್ದು
ಅದೊಂದೇ ಅಕ್ಷರ. ಅದನ್ನೂ ಯಾರೂ ಬರೆದುಕೊಳ್ಳಲಿಲ್ಲ.

ಹೊರಗೆ, ಝೆರಾಕ್ಸ್ ಅಂಗಡಿಯ ನೆರಳಲ್ಲಿ, ಬಾಯಿ ಬಿಡಿಸಿ ಹೇಳಿದರು:
ಸೋತಿಲ್ಲ ನೀವು. ಗೆದ್ದೂ ಇಲ್ಲ.
ಅರ್ಜಿ ವಾಪಸ್; ಇತರ ಪರಿಹಾರಗಳ ಹಕ್ಕು ಕಾಯ್ದಿರಿಸಿದೆ.
ಅರ್ಥವಾಯಿತೇ?

ಆಗಲಿಲ್ಲ, ಬಸ್ಸು ಮಾಂಡವಿ ಸೇತುವೆ ಏರುವ ತನಕ.
ಕೆಳಗೆ, ಹಗಲಲ್ಲೂ ದೀಪ ಹಚ್ಚಿಕೊಂಡ ಜೂಜಿನ ಹಡಗು.
ಆಗ ಹೊಳೆಯಿತು:
ಬೆಳೆಯುವ ಹುಡುಗನ ಚಡ್ಡಿ ಹೊಲಿಯುವಾಗ
ಬದಿಗೆ ಎರಡು ಬೆರಳು ಬಟ್ಟೆ ಒಳಗೇ ಮಡಿಸಿ ಬಿಡುತ್ತೇವೆ.
ಹೊರಗೆ ಕಾಣದು. ಇಸ್ತ್ರಿ ಹೊಡೆದರೆ ಇದೆಯೆಂದೇ ಅನಿಸದು.
ಮುಂದಿನ ಜೂನಿಗೆ ತಾಯಿ ಬಂದು ಬಿಗಿಯಾಯ್ತು ಅಂದಾಗ
ಹೊಲಿಗೆ ಬಿಚ್ಚುತ್ತೇವೆ,
ಹಳೆಯ ನೂಲು ಒಂದೊಂದೇ ಎಳೆದು.
ಬಿಚ್ಚುವುದಕ್ಕೂ ಕಸುಬು ಬೇಕು ಸ್ವಾಮಿ,
ಹರಿಯುವುದು ಯಾರಿಗೂ ಬರುತ್ತದೆ.

ಆದರೂ ಒಂದು ಗೆರೆ ಉಳಿದೇ ಉಳಿಯುತ್ತದೆ,
ಹಳೆಯ ಸೂಜಿ ನಡೆದ ದಾರಿ. ಎಷ್ಟು ಒಗೆದರೂ.

ಮಂಗೋರ್ ಗುಡ್ಡ ಹತ್ತಿ ಮನೆಗೆ ಬಂದರೆ
ನೀಲವ್ವ ಬಾಗಿಲಲ್ಲೇ: ಏನಾತು?
ಪರಿಹಾರದ ಹಕ್ಕು ಉಳಿಸ್ಯಾರ, ಅಂದೆ.
ಅವಳ ಮುಖ ಅರಳಿತು: ಪರಿಹಾರನಾ? ಎಷ್ಟು ಕೊಡ್ತಾರಂತ?

ಮಾತು ಒಂದೇ. ಅವಳ ಕಿವಿಯಲ್ಲಿ ಅದು ರೊಕ್ಕ,
ನನ್ನ ಜೇಬಿನಲ್ಲಿ ಇನ್ನೊಂದು ಕಚೇರಿಯ ವಿಳಾಸ,
ಬಾಯಿಯ ಕೈಬರಹದಲ್ಲಿ, ಬಸ್ ಟಿಕೀಟಿನ ಹಿಂದೆ.

ಅಂಗಿ ಕಳಚಿ ಗೂಟಕ್ಕೆ ಹಾಕಿದೆ.
ಒಗೀಲೇನು? ಎಂದಳು, ಸ್ವಲ್ಪ ಹೊತ್ತಾದ ಮೇಲೆ.
ಬ್ಯಾಡ, ಅಂದೆ. ಇನ್ನೊಮ್ಮೆ ತೊಡೂದದ.